ಯಾವೂರು ನಿಮ್ಮದು? – ಶೇರ್‌ಗಿಲ್ ಮನೆಯ ಆಲ್ಬಮ್

1.
"ಯಾವೂರು ನಿಮ್ಮದು?"

ಕ್ಲಾಸಿನ ಮೊದಲ ದಿನ, ಪಿಜಿಗೆ ಹೊಸ ರೂಮ್‌ಮೇಟ್ ಬಂದಾಗ, ಕೆಎಸ್ಸಾರ್ಟಿಸಿ ಬಸ್ಸಿನಲ್ಲಿ ಪಕ್ಕದ ಸೀಟಿನ ಆಂಟಿಯಿಂದ... ಈ ಪ್ರಶ್ನೆ ನಿಮಗೂ ಬಂದೇ ಇರುತ್ತೆ. ಕೆಲವರು ಥಟ್ ಅಂತ ಹೇಳಿಬಿಡ್ತಾರೆ. ತಿಪಟೂರು, ಶಿರಸಿ, ಸಿಂಧನೂರು. ನನಗೆ ಮಾತ್ರ ಉತ್ತರ ಹೇಳೋಕೆ ಎರಡು ಸೆಕೆಂಡ್ ಹೆಚ್ಚು ಬೇಕು. ಅಪ್ಪ ಗದಗದ ಕಡೆಯವರು, ಅಮ್ಮ ಪುತ್ತೂರಿನವರು, ನಾನು ಬೆಳೆದದ್ದು ಬೆಂಗಳೂರಿನ ಬಾಡಿಗೆ ಮನೆಗಳಲ್ಲಿ. ಗದಗಕ್ಕೆ ಹೋದರೆ ಅಜ್ಜಿ, "ಯಾಕವ್ವಾ, ಹಿಂಗ್ಯಾಕ ಮಾತಾಡ್ತಿ? ನಿಮ್ಮವ್ವನಂಗ ಮಾತಾಡ್ತಿ ನೋಡು" ಅಂತಾರೆ. ಪುತ್ತೂರಿಗೆ ಹೋದರೆ ಇನ್ನೊಬ್ಬ ಅಜ್ಜಿ, "ನೀನು ಎಂತ, ಪೂರಾ ಘಟ್ಟದವರ ಹಾಗೆ ಮಾತಾಡುವುದು?" ಅಂತ ನಗ್ತಾರೆ. ಎರಡೂ ಪ್ರೀತಿಯಿಂದಲೇ ಹೇಳೋದು, ಬೇಜಾರೇನಿಲ್ಲ. ಆದರೂ ರಾತ್ರಿ ಮಲಗುವಾಗ ಆ ಮಾತು ನೆನಪಾಗುತ್ತೆ.

ಇದನ್ನು ಯಾಕೆ ಹೇಳಿದೆ ಅಂದರೆ, ಈ ಸಲದ ಇತಿಹಾಸದ ಸರಣಿ ಆ ಎರಡು ಸೆಕೆಂಡಿನ ಬಗ್ಗೆ. ಒಂದು ಕುಟುಂಬ, ಒಂದು ಕ್ಯಾಮೆರಾ, 28 ವರ್ಷಕ್ಕೇ ತೀರಿಕೊಂಡ ಒಬ್ಬ ಚಿತ್ರಕಾರ್ತಿ, ಮತ್ತು ಅವಳು ಸತ್ತ ಮೇಲೆ ಹುಟ್ಟಿ, ಅರವತ್ತರ ಹತ್ತಿರ ಬಂದಾಗ ಕಂಪ್ಯೂಟರ್ ಮುಂದೆ ಕೂತು ಆ ಮನೆಯ ಹಳೇ ಫೋಟೋಗಳನ್ನು ಕತ್ತರಿಸಿ ಮತ್ತೆ ಜೋಡಿಸಿದ ಅವಳ ತಂಗಿಯ ಮಗ. ಆಕೆಯ ಹೆಸರು ನಿಮಗೆ ಗೊತ್ತಿರಬಹುದು: ಅಮೃತಾ ಶೇರ್‌ಗಿಲ್. ಆತನ ಹೆಸರು ಬಹಳ ಜನಕ್ಕೆ ಗೊತ್ತಿಲ್ಲ: ವಿವಾನ್ ಸುಂದರಂ.

ಉದ್ದ ಇದೆ. ಸೇವ್ ಮಾಡ್ಕೊಂಡು ನಿಧಾನಕ್ಕೆ ಓದಿ.

2.
ಮೊದಲು ಕ್ಯಾಮೆರಾ ಹಿಡಿದ ಅಜ್ಜನಿಂದ ಶುರು ಮಾಡೋಣ.

ಉಮರಾವ್ ಸಿಂಗ್ ಶೇರ್‌ಗಿಲ್, ಹುಟ್ಟಿದ್ದು 1870ರಲ್ಲಿ, ಪಂಜಾಬಿನ ಮಜೀಠಾದ ಸಿಖ್ ಜಮೀನ್ದಾರಿ ಮನೆತನದಲ್ಲಿ. ತಮ್ಮ ಸುಂದರ್ ಸಿಂಗ್ ಬ್ರಿಟಿಷರಿಂದ 'ಸರ್' ಪದವಿ ಪಡೆದು ಗೋರಖಪುರದ ಹತ್ತಿರ ಸರಾಯಾದಲ್ಲಿ ಸಕ್ಕರೆ ಕಾರ್ಖಾನೆ ನಡೆಸಿದವರು. ಅಣ್ಣನಿಗೆ ಇದ್ಯಾವುದೂ ಬೇಕಾಗಿರಲಿಲ್ಲ. ಸಂಸ್ಕೃತ, ಪರ್ಷಿಯನ್ ಓದೋದು, ನಕ್ಷತ್ರ ನೋಡೋದು, ಯೋಗ, ಉಪವಾಸ, ಕವಿ ಇಕ್ಬಾಲರ ಜೊತೆ ಹರಟೆ. ಬ್ರಿಟಿಷ್ ಸರ್ಕಾರಕ್ಕೆ ಈ ಮನುಷ್ಯನ ಮೇಲೆ ಅನುಮಾನ ಬೇರೆ, ಕ್ರಾಂತಿಕಾರಿಗಳ ಪರ ಇದ್ದಾನೆ ಅಂತ.

ಇದೆಲ್ಲದರ ನಡುವೆ ಫೋಟೋ. ಗಾಜಿನ ಪ್ಲೇಟಿನ ಕಾಲದಿಂದ ಹಿಡಿದು ಸುಮಾರು ಐವತ್ತು ವರ್ಷ ಫೋಟೋ ತೆಗೆದರು. ಮಾರೋಕೆ ಅಲ್ಲ, ಪ್ರದರ್ಶನಕ್ಕೂ ಅಲ್ಲ. ಹೆಂಡತಿ, ಮಕ್ಕಳು, ಮನೆಯ ಕೋಣೆಗಳು. ಎಲ್ಲಕ್ಕಿಂತ ಹೆಚ್ಚು, ತಮ್ಮದೇ ಫೋಟೋ! ಸೆಲ್ಫಿ ನಮ್ಮ ಕಾಲದ ರೋಗ ಅಂತ ಬೈಯೋ ಮೇಷ್ಟ್ರಿಗೆ ತೋರಿಸಬೇಕು ಇದನ್ನ. ಉಪವಾಸ ಮುಗಿಸಿ ಬರಿಮೈಯಲ್ಲಿ ನಿಂತದ್ದು, ಉದ್ದ ಕೂದಲು ಬಿಚ್ಚಿಕೊಂಡು ನಿಂತದ್ದು, ಪುಸ್ತಕದ ರಾಶಿಯ ಮುಂದೆ ತಲೆ ಬಗ್ಗಿಸಿ ಕೂತದ್ದು. ಟ್ರೈಪಾಡ್ ಮೇಲೆ ಕ್ಯಾಮೆರಾ ಇಟ್ಟು, ಹೋಗಿ ನಿಂತು, ಉಸಿರು ಹಿಡಿದು ಕಾಯಬೇಕಿದ್ದ ಕಾಲ ಅದು. ಒಂದೊಂದು ಫೋಟೋಗೂ ಮೊದಲೇ ಯೋಚನೆ ಮಾಡಿರಲೇಬೇಕು: ನಾನು ಇವತ್ತು ಯಾರಾಗಿ ಕಾಣಿಸಲಿ?

ಈ ಪ್ರಶ್ನೆ ಆ ಮನೆಯಲ್ಲಿ ಮೂರು ತಲೆಮಾರು ಉಳಿಯಿತು.

3.
ಇನ್ನು ಅಜ್ಜಿ. ಮಾರಿ ಆಂತ್ವಾನೆತ್ ಗಾಟ್ಸ್‌ಮನ್. ಹಂಗೇರಿಯವರು, ಯಹೂದಿ ಮೂಲದ ಕುಟುಂಬ, ಒಪೆರಾ ಹಾಡುಗಾರ್ತಿ, ಪಿಯಾನೋ ನುಡಿಸ್ತಿದ್ದರು. ಈಕೆ ಲಾಹೋರಿಗೆ ಬಂದದ್ದು ರಾಜಕುಮಾರಿ ಬಂಬಾ ಅವರ ಜೊತೆಗಾತಿಯಾಗಿ.

ಇಲ್ಲೊಂದು ಸಣ್ಣ ಅಡ್ಡದಾರಿ, ಬಿಡೋಕೆ ಮನಸ್ಸಾಗ್ತಿಲ್ಲ. ಬಂಬಾ ಯಾರು ಗೊತ್ತಾ? ಮಹಾರಾಜ ರಣಜಿತ್ ಸಿಂಗ್‌ನ ಮೊಮ್ಮಗಳು. ರಾಜ್ಯ ಕಳೆದುಕೊಂಡು ಇಂಗ್ಲೆಂಡಿಗೆ ಸಾಗಿಸಲ್ಪಟ್ಟ ಬಾಲಕ ದುಲೀಪ್ ಸಿಂಗ್‌ನ ಮಗಳು. ಆಕೆಯ ತಾಯಿ ಬಂಬಾ ಮ್ಯೂಲರ್, ಜರ್ಮನ್ ಅಪ್ಪ, ಅಬಿಸೀನಿಯಾದ (ಈಗಿನ ಇಥಿಯೋಪಿಯಾ) ಅಮ್ಮ. ಅಂದರೆ ಪಂಜಾಬಿನ ಕೊನೆಯ ಸಿಖ್ ಮಹಾರಾಜನ ಮಗಳ ಮೈಯಲ್ಲಿ ಮೂರು ಖಂಡದ ರಕ್ತ. ಹುಟ್ಟಿದ್ದು ಲಂಡನ್ನಿನಲ್ಲಿ, ಸತ್ತದ್ದು 1957ರಲ್ಲಿ, ತನ್ನ ತಾತ ಆಳಿದ ಲಾಹೋರಿನಲ್ಲಿ. ಆ ಹೊತ್ತಿಗೆ ಅದು ಪಾಕಿಸ್ತಾನ. ಯಾವೂರು ನಿಮ್ಮದು ಅಂತ ಆಕೆಯನ್ನು ಕೇಳಿದ್ದರೆ ಏನು ಹೇಳ್ತಿದ್ದರೋ! ಅವರ ಬಗ್ಗೆ ಇನ್ನೊಂದು ಸಲ ಬರೀತೀನಿ.

ಹಂಗೇರಿಯ ಗಾಯಕಿ, ಪಂಜಾಬಿನ ವಿದ್ವಾಂಸ, ಲಾಹೋರಿನಲ್ಲಿ ಭೇಟಿ, 1912ರಲ್ಲಿ ಮದುವೆ. ಅಲ್ಲಿಂದ ಬುಡಾಪೆಸ್ಟ್. 1913ರ ಜನವರಿ 30ಕ್ಕೆ ಅಮೃತಾ ಹುಟ್ಟಿದಳು. ಮರುವರ್ಷ ತಂಗಿ ಇಂದಿರಾ. ಅಷ್ಟರಲ್ಲಿ ಮೊದಲ ಮಹಾಯುದ್ಧ. ಸ್ವಲ್ಪ ದಿನ ಇದ್ದು ಬರೋಣ ಅಂತ ಹೋದವರು ಹಂಗೇರಿಯಲ್ಲೇ ಸಿಕ್ಕಿಹಾಕಿಕೊಂಡರು. ಬುಡಾಪೆಸ್ಟ್ ಹತ್ತಿರದ ದುನಾಹರಾಸ್ತಿ ಅನ್ನೋ ಊರಿನಲ್ಲಿ ಮಕ್ಕಳು ಬೆಳೆದರು. ಹಾಗಾಗಿ ಅಮೃತಾಳ ಮೊದಲ ಭಾಷೆ ಹಂಗೇರಿಯನ್. ದೊಡ್ಡವಳಾದ ಮೇಲೂ ಅಮ್ಮನಿಗೆ ಹಂಗೇರಿಯನ್‌ನಲ್ಲಿ ಕಾಗದ, ಅಪ್ಪನಿಗೆ ಇಂಗ್ಲಿಷಿನಲ್ಲಿ. ನಮ್ಮಲ್ಲೂ ಇದೆ ಅಲ್ವಾ, ಅಮ್ಮನ ಹತ್ತಿರ ತುಳು, ಅಪ್ಪನ ಹತ್ತಿರ ಕನ್ನಡ, ಬ್ಯಾಂಕಿನಲ್ಲಿ ಇಂಗ್ಲಿಷ್. ನಾವು ಅದನ್ನು ದೊಡ್ಡ ವಿಷಯ ಅಂದುಕೊಳ್ಳೋದೇ ಇಲ್ಲ.

ಸೋದರಮಾವ ಎರ್ವಿನ್ ಬಕ್ತಾಯ್ ಭಾರತದ ವಿದ್ಯೆಗಳಲ್ಲಿ ಮುಳುಗಿದವರು. ಅಮೃತಾಳಿಗೆ ಎದುರಿಗೆ ಮನುಷ್ಯರನ್ನು ಕೂರಿಸಿಕೊಂಡು ಬರಿ ಅಂತ ಹೇಳಿಕೊಟ್ಟವರು ಇವರೇ. ಇವರ ಹುಟ್ಟು ಹೆಸರೂ ಗಾಟ್ಸ್‌ಮನ್ ಅಂತಲೇ ಇತ್ತು, ಆಮೇಲೆ ಹಂಗೇರಿಯನ್ ಥರ ಕೇಳಿಸೋ ಬಕ್ತಾಯ್ ಅಂತ ಆಯಿತು. ಆ ಕಾಲದ ಹಂಗೇರಿಯಲ್ಲಿ ಇಂಥ ಹೆಸರು ಬದಲಾವಣೆ ಸಾಮಾನ್ಯ. ಒಂದು ನೆಲದವರು ಅನ್ನಿಸಿಕೊಳ್ಳೋಕೆ ಕೆಲವರು ಹೆಸರನ್ನೇ ಕೊಡಬೇಕಾಯಿತು.

4.
1921ರಲ್ಲಿ ಕುಟುಂಬ ಭಾರತಕ್ಕೆ ಬಂತು, ಶಿಮ್ಲಾದ ಸಮ್ಮರ್ ಹಿಲ್‌ಗೆ. ಅಮೃತಾಳಿಗೆ ಎಂಟು. ನಡುವೆ ಇಟಲಿಯ ಫ್ಲಾರೆನ್ಸ್‌ನಲ್ಲಿ ಸ್ವಲ್ಪ ಕಾಲ. 1929ರಲ್ಲಿ, ಹದಿನಾರಕ್ಕೆ, ಪ್ಯಾರಿಸ್. ಅಲ್ಲಿ ಎಕೋಲ್ ದೆ ಬೋಜಾರ್ ಎಂಬ ಹೆಸರಾಂತ ಕಲಾಶಾಲೆಯಲ್ಲಿ ಲೂಸಿಯೆನ್ ಸಿಮೋನ್ ಅನ್ನುವ ಗುರು. 1932ರಲ್ಲಿ ಬರೆದ 'ಯಂಗ್ ಗರ್ಲ್ಸ್' ಅನ್ನೋ ಚಿತ್ರಕ್ಕೆ ಮರುವರ್ಷ ಪ್ಯಾರಿಸ್ ಸಲೋನ್‌ನಲ್ಲಿ ಚಿನ್ನದ ಪದಕ. ವಯಸ್ಸು ಇಪ್ಪತ್ತು. ಅಂದರೆ ನಮ್ಮ ಫೈನಲ್ ಇಯರ್ ವಯಸ್ಸು. (ನಾನಿನ್ನೂ ಸಬ್ಮಿಷನ್ ಮುಗಿಸಿಲ್ಲ, ಆ ವಿಷಯ ಬಿಡಿ.)

ಆ ಚಿತ್ರದಲ್ಲಿ ಇಬ್ಬರು ಹುಡುಗಿಯರು ಎದುರುಬದುರು ಕೂತಿದ್ದಾರೆ. ಒಬ್ಬಳು ಅಚ್ಚುಕಟ್ಟಾಗಿ ಉಡುಪು ತೊಟ್ಟವಳು, ಕಪ್ಪು ಕೂದಲು, ನೆಟ್ಟಗೆ ಕೂತವಳು: ತಂಗಿ ಇಂದಿರಾ. ಇನ್ನೊಬ್ಬಳು ಹೊಂಬಣ್ಣದ ಕೂದಲು ಮುಖದ ಮೇಲೆ ಇಳಿಬಿಟ್ಟವಳು, ಉಡುಪು ಜಾರಿದವಳು: ಫ್ರೆಂಚ್ ಗೆಳತಿ. ಎಷ್ಟೋ ಜನ ಇದನ್ನು ಅಮೃತಾಳ ಒಳಗಿದ್ದ ಇಬ್ಬರ ಚಿತ್ರ ಅಂತ ಓದ್ತಾರೆ. ನನಗೆ ಅಷ್ಟು ಸಲೀಸಾಗಿ ಒಪ್ಪಿಗೆಯಿಲ್ಲ. ಮಿಶ್ರ ಮನೆಯ ಮಕ್ಕಳು ಎರಡು ಭಾಗ ಮಾಡಿಟ್ಟ ಮಾವಿನಹಣ್ಣಿನ ಥರ ಇರೋದಿಲ್ಲ, ಇದು ಅಪ್ಪನ ಹೋಳು, ಇದು ಅಮ್ಮನ ಹೋಳು ಅಂತ ತೋರಿಸೋಕೆ.

ಅದಕ್ಕಿಂತ ನನಗೆ ಕಾಡೋದು 1934ರ ಇನ್ನೊಂದು ಚಿತ್ರ. ತಾಹಿತಿ ದ್ವೀಪದ ಹೆಣ್ಣಾಗಿ ತನ್ನನ್ನೇ ಬರೆದುಕೊಂಡದ್ದು. ತಾಹಿತಿಗೆ ಆಕೆ ಹೋದವಳೇ ಅಲ್ಲ! ಫ್ರೆಂಚ್ ಚಿತ್ರಕಾರ ಗೋಗ್ಯಾನ್ ಅಲ್ಲಿಗೆ ಹೋಗಿ ಅಲ್ಲಿನ ಹೆಣ್ಣುಮಕ್ಕಳನ್ನು ಅರೆಬೆತ್ತಲೆ ಬರೆದು ಯುರೋಪಿಗೆ ತೋರಿಸಿದ್ದ. ಅಮೃತಾ ಆ ಹೆಣ್ಣಿನ ಜಾಗದಲ್ಲಿ ತಾನು ನಿಂತಳು. ಎದೆ ತೆರೆದಿದೆ, ಕೂದಲು ಹಿಂದೆ ಕಟ್ಟಿದೆ, ಕೈ ಮುಂದೆ ಕಟ್ಟಿಕೊಂಡಿದ್ದಾಳೆ, ನೋಟ ನಮ್ಮ ಕಡೆ ಇಲ್ಲ. ಹಿಂದೆ ಗೋಡೆಯ ಮೇಲೆ ಒಬ್ಬ ಗಂಡಸಿನ ನೆರಳು. ಪ್ಯಾರಿಸ್ಸಿನ ಕಣ್ಣಿಗೆ ಅವಳು 'ಪೂರ್ವದ ಹುಡುಗಿ', ಭಾರತದ ರಾಜಕುಮಾರಿ. ಸರಿ, ನಿಮಗೆ ಬೇಕಾದ ಪೂರ್ವದ ಹುಡುಗಿ ಇವಳೇ ತಾನೇ, ತಗೊಳ್ಳಿ ಅಂದ ಹಾಗಿದೆ. ಆದರೆ ಮುಖದಲ್ಲಿ ಒಂದು ಚೂರೂ ನಗುವಿಲ್ಲ.

ಅದೇ ವರ್ಷದ ಕೊನೆಗೆ ಭಾರತಕ್ಕೆ ವಾಪಸ್. ಆಮೇಲೆ ಫ್ರಾಕು ಕೋಟು ಬಿಟ್ಟು ಸೀರೆ.

5.
ಭಾರತದಲ್ಲಿ ಕೆಂಪು ಜಮಖಾನೆ ಹಾಸಿ ಕಾಯುತ್ತಿದ್ದರು ಅಂದುಕೊಳ್ಳಬೇಡಿ. 1935ರಲ್ಲಿ ಶಿಮ್ಲಾದ ಪ್ರದರ್ಶನಕ್ಕೆ ಕಳಿಸಿದ ಚಿತ್ರಗಳಲ್ಲಿ ಕೆಲವನ್ನು ತಿರಸ್ಕರಿಸಿ, ಇನ್ನೊಂದಕ್ಕೆ ಬಹುಮಾನ ಕೊಟ್ಟರು. ಆಕೆ ಬಹುಮಾನವನ್ನೇ ವಾಪಸ್ ಮಾಡಿದಳು. ಪ್ಯಾರಿಸ್ಸಿನಲ್ಲಿ 'ಭಾರತೀಯಳು', ಇಲ್ಲಿ 'ಪ್ಯಾರಿಸ್ಸಿನಿಂದ ಬಂದವಳು'. ಘಟ್ಟದ ಮೇಲೆ ಕರಾವಳಿಯವಳು, ಕರಾವಳಿಯಲ್ಲಿ ಘಟ್ಟದವಳು! ನನಗೆ ಈ ಜಾಗ ಓದುವಾಗ ನಗು ಬಂತು, ನಿಜ ಹೇಳ್ತೀನಿ.

ಆಮೇಲಿನದು ಪಠ್ಯಪುಸ್ತಕದಲ್ಲೂ ಸಿಗೋ ಭಾಗ. 1935ರ 'ಮೂವರು ಹುಡುಗಿಯರು'. 1936ರ ಕೊನೆಯಲ್ಲಿ ಅಜಂತಾ, ಎಲ್ಲೋರಾ ನೋಡಿ ದಂಗಾದದ್ದು. ಅಲ್ಲಿಂದ ಹೈದರಾಬಾದ್, ತಿರುವನಂತಪುರ, ಕನ್ಯಾಕುಮಾರಿ, ಕೊಚ್ಚಿಯ ಮಟ್ಟಾಂಚೇರಿ ಅರಮನೆಯ ಭಿತ್ತಿಚಿತ್ರಗಳು. ಶಿಮ್ಲಾಕ್ಕೆ ಮರಳಿ 1937ರಲ್ಲಿ ಬರೆದ ಮೂರು ದೊಡ್ಡ ಚಿತ್ರ: ಮದುಮಗಳ ಸಿಂಗಾರ, ಬ್ರಹ್ಮಚಾರಿಗಳು, ಸಂತೆಗೆ ಹೊರಟ ದಕ್ಷಿಣ ಭಾರತದ ಹಳ್ಳಿಯವರು. ಆ ಪ್ರವಾಸ ನಮ್ಮ ಹಂಪಿ, ಬಾದಾಮಿ ಕಡೆ ತಿರುಗಿದ್ದರೆ ಚೆನ್ನಾಗಿರ್ತಿತ್ತು ಅನ್ನಿಸುತ್ತೆ, ಬಾದಾಮಿಯ ಮೂರನೇ ಗುಹೆಯಲ್ಲೂ ಹಳೇ ವರ್ಣಚಿತ್ರದ ತುಣುಕುಗಳಿವೆಯಲ್ಲ.

ಯುರೋಪು ಪಿಕಾಸೋ, ಮತೀಸ್ ಮುಂತಾದವರಿಗೆ ಸೇರಿದ್ದು, ಭಾರತ ಮಾತ್ರ ತನ್ನೊಬ್ಬಳಿಗೇ ಸೇರಿದ್ದು ಅನ್ನೋ ಅರ್ಥದ ಮಾತನ್ನು ಆಕೆ ಬರೆದಿದ್ದಳು. ಈ ಮಾತನ್ನು ಎಲ್ಲರೂ ಪೋಸ್ಟರ್ ಮಾಡಿ ಹಾಕ್ತಾರೆ. ನಾನೂ ಹೋದ ವರ್ಷ ಸ್ಟೇಟಸ್ ಹಾಕಿದ್ದೆ. ಈಗ ಸ್ವಲ್ಪ ಮುಜುಗರ ಆಗುತ್ತೆ. ಒಂದು ಇಡೀ ದೇಶ ತನ್ನೊಬ್ಬಳದು ಅಂತ ಹೇಳೋಕೆ ಜಮೀನ್ದಾರರ ಮನೆಯ ಧೈರ್ಯ ಬೇಕು. ಅವಳ ಕ್ಯಾನ್ವಾಸಿನ ಮೇಲೆ ಕೂತ ಬಡ ಹೆಂಗಸರ ಜೊತೆ ಅವಳು ಯಾವ ಭಾಷೆಯಲ್ಲಿ ಎಷ್ಟು ಮಾತಾಡಿರಬಹುದು? ಅವರಿಗೆ ಆ ಚಿತ್ರ ತಮ್ಮದು ಅನ್ನಿಸಿತ್ತಾ? ಅದೇ ಮಾತನ್ನು ಇನ್ನೊಂದು ಕಡೆಯಿಂದ ನೋಡಿದರೆ, ಹುಟ್ಟಿನಿಂದ ನಿನ್ನದು ಯಾವೂರು ಅಂತ ಕೇಳಿಸಿಕೊಂಡೇ ಬೆಳೆದ 24, 25ರ ಹುಡುಗಿ ರೋಸಿಹೋಗಿ ಕೊಟ್ಟ ಉತ್ತರವೂ ಹೌದು. ಎರಡೂ ಒಟ್ಟಿಗೆ ನಿಜ ಇರಬಹುದು ಅಂತ ನನ್ನ ಲೆಕ್ಕ.

6.
ಈಗ ಬೆಂಕಿಯ ವಿಷಯ.

1938ರಲ್ಲಿ ಅಮೃತಾ ಹಂಗೇರಿಗೆ ಹೋಗಿ ಅಮ್ಮನ ಕಡೆಯ ನಂಟ, ಡಾಕ್ಟರ್ ವಿಕ್ಟರ್ ಎಗಾನ್‌ನನ್ನು ಮದುವೆಯಾದಳು. ಅಷ್ಟರಲ್ಲಿ ಇಲ್ಲಿ ಅಪ್ಪ ಅಮ್ಮ ಮನೆ ಚೊಕ್ಕಟ ಮಾಡ್ತಾ ಅವಳು ಬಿಟ್ಟುಹೋದ ಕಾಗದಗಳ ಕಟ್ಟು ನೋಡಿದರು. ಗೆಳೆಯರ ಕಾಗದ, ಪ್ರೇಮಿಗಳ ಕಾಗದ, ಜವಾಹರಲಾಲ್ ನೆಹರೂ ಬರೆದ ಕಾಗದಗಳೂ ಇದ್ದವು. ಸುಟ್ಟುಹಾಕಿದರು.

ವಿಷಯ ತಿಳಿದು ಅಮೃತಾ ಅಪ್ಪನಿಗೆ ಬರೆದ ಕಾಗದ ಮಾತ್ರ ಉಳಿದಿದೆ. ಬೈಗುಳ ಇಲ್ಲ ಅದರಲ್ಲಿ. ಆ ಕಾಗದಗಳನ್ನು ಬಿಟ್ಟುಬಂದದ್ದು ಅವು ತನ್ನ ಪಾಪಕ್ಕೆ ಸಾಕ್ಷಿ ಅಂತ ಅಲ್ಲ, ಲಗೇಜು ಆಗಲೇ ಭಾರ ಇತ್ತು ಅಂತ ಅನ್ನೋ ಅರ್ಥದಲ್ಲಿ ಬರೀತಾಳೆ. ಮುದುಕಿಯಾದಾಗ ಕೂತು ಓದೋಕೆ ಅಂತ ಇಟ್ಟುಕೊಂಡಿದ್ದವು. ಆಕೆ ಮುದುಕಿಯಾಗಲೇ ಇಲ್ಲ.

ಇಲ್ಲಿ ಒಂದು ಕ್ಷಣ ಉಮರಾವ್ ಸಿಂಗ್‌ರನ್ನು ನೆನೆಸಿಕೊಳ್ಳಿ. ಮನೆಯ ಪ್ರತಿ ಕ್ಷಣವನ್ನೂ ಗಾಜಿನ ಮೇಲೆ ಹಿಡಿದಿಟ್ಟ ಮನುಷ್ಯ. ಮಗಳ ಮುಖವನ್ನು ಹುಟ್ಟಿದಾಗಿನಿಂದ ದಾಖಲಿಸಿದವರು. ಮಗಳ ಕಾಗದ ಸುಡೋದರಲ್ಲಿ ಅವರ ಕೈಯೂ ಇತ್ತು. ಯಾವ ನೆನಪು ಉಳಿಯಬೇಕು, ಯಾವುದು ಮನೆಯ ಮರ್ಯಾದೆಗೆ ಒಳ್ಳೆಯದಲ್ಲ ಅನ್ನೋ ತೀರ್ಮಾನ ಮನೆಯ ಹಿರಿಯರದು. ನಿಮ್ಮ ಮನೆಯ ಆಲ್ಬಮ್ಮಿನಲ್ಲೂ ಒಂದು ಖಾಲಿ ಜಾಗ ಇರುತ್ತೆ ನೋಡಿ, ನಾಲ್ಕು ಮೂಲೆಯ ಅಂಟಿನ ಗುರುತು ಮಾತ್ರ ಉಳಿದದ್ದು. ನಮ್ಮ ಗದಗದ ಮನೆಯಲ್ಲಿದೆ. ಅಲ್ಲಿ ಯಾರಿದ್ದರು ಅಂತ ಕೇಳಿದರೆ ಮಾತು ಊಟದ ಕಡೆ ತಿರುಗುತ್ತೆ.

7.
ಬೇಗ ಹೇಳಿ ಮುಗಿಸ್ತೀನಿ ಈ ಭಾಗ, ಬರೆಯೋಕೆ ಇಷ್ಟ ಇಲ್ಲ.

1939ರಲ್ಲಿ ದಂಪತಿ ಭಾರತಕ್ಕೆ ಬಂದರು. ಸರಾಯಾದಲ್ಲಿ ಚಿಕ್ಕಪ್ಪನ ಸಕ್ಕರೆ ಕಾರ್ಖಾನೆಯ ಆಸರೆ. 1941ರಲ್ಲಿ ಲಾಹೋರಿಗೆ ಹೋಗಿ, ಮಾಲ್ ರಸ್ತೆಯ ಹತ್ತಿರ ಗಂಗಾರಾಮ್ ಮ್ಯಾನ್ಶನ್ಸ್‌ನಲ್ಲಿ ಮನೆ ಹಿಡಿದರು. ಡಿಸೆಂಬರಿನಲ್ಲಿ ಅಮೃತಾಳ ದೊಡ್ಡ ಪ್ರದರ್ಶನ ಇತ್ತು. ಅದಕ್ಕೆ ಕೆಲವೇ ದಿನ ಮುಂಚೆ ಕಾಯಿಲೆ ಬಿದ್ದು ಡಿಸೆಂಬರ್ 5ಕ್ಕೆ ತೀರಿಕೊಂಡಳು. ಕಾರಣ ಏನು ಅಂತ ಇವತ್ತಿಗೂ ವಾದ ಮುಗಿದಿಲ್ಲ. ರಾವಿ ನದಿಯ ದಡದಲ್ಲಿ ಅಪ್ಪ ಚಿತೆಗೆ ಬೆಂಕಿ ಕೊಟ್ಟರು. ಅದೇ ದಿನಗಳಲ್ಲಿ ಬ್ರಿಟನ್ ಹಂಗೇರಿಯ ಮೇಲೆ ಯುದ್ಧ ಸಾರಿತು, ವಿಕ್ಟರ್ ಶತ್ರು ದೇಶದ ಪ್ರಜೆ ಅಂತ ಬಂಧನಕ್ಕೆ ಒಳಗಾದ. ಹೆಂಡತಿ ಸತ್ತ ವಾರವೇ ಅವನು ಪರದೇಶಿ, ಶತ್ರು. 1947ಕ್ಕೆ ಲಾಹೋರೇ ಬೇರೆ ದೇಶ. 1948ರಲ್ಲಿ ಅಮ್ಮ ಮಾರಿ ಆಂತ್ವಾನೆತ್ ತಾವಾಗಿ ಜೀವ ಕಳೆದುಕೊಂಡರು. ಉಮರಾವ್ ಸಿಂಗ್ 1954ರವರೆಗೆ ಇದ್ದರು.

8.
ಈಗ ವಿವಾನ್.

ತಂಗಿ ಇಂದಿರಾ ಮದುವೆಯಾದದ್ದು ಕಲ್ಯಾಣ ಸುಂದರಂ ಅವರನ್ನು. ತಮಿಳರು, ಐಸಿಎಸ್ ಅಧಿಕಾರಿ. ಸ್ವತಂತ್ರ ಭಾರತದ ಮೊದಲ ಕಾನೂನು ಕಾರ್ಯದರ್ಶಿ, ಆಮೇಲೆ 1958ರಿಂದ 1967ರವರೆಗೆ ದೇಶದ ಎರಡನೇ ಮುಖ್ಯ ಚುನಾವಣಾ ಆಯುಕ್ತರು. ಈ ದಂಪತಿಗೆ 1943ರಲ್ಲಿ ಶಿಮ್ಲಾದಲ್ಲಿ ವಿವಾನ್ ಹುಟ್ಟಿದ. ದೊಡ್ಡಮ್ಮ ತೀರಿಕೊಂಡು ಒಂದೂವರೆ ವರ್ಷ ಆಗಿತ್ತು. ಎರಡು ವರ್ಷದ ನಂತರ ತಂಗಿ ನವೀನಾ, ಮುಂದೆ ಜರ್ಮನಿಯಲ್ಲಿ ಟಿವಿ ಪತ್ರಕರ್ತೆಯಾದವರು, ಅಮೃತಾಳ ಬಗ್ಗೆ ಸಾಕ್ಷ್ಯಚಿತ್ರವನ್ನೂ ಮಾಡಿದವರು. ಲೆಕ್ಕ ಹಾಕಿ: ತಮಿಳು ಅಪ್ಪ, ಅರ್ಧ ಪಂಜಾಬಿ ಅರ್ಧ ಹಂಗೇರಿಯನ್ ಅಮ್ಮ, ಅಜ್ಜಿಯ ಕಡೆಯಿಂದ ಯಹೂದಿ ನಂಟು. ಯಾವೂರು ನಿಮ್ಮದು?

ವಿವಾನ್ ಬರೋಡಾದ ಎಂ.ಎಸ್. ವಿಶ್ವವಿದ್ಯಾಲಯದಲ್ಲಿ ಚಿತ್ರಕಲೆ ಕಲಿತು, 1966ರಿಂದ 68ರವರೆಗೆ ಲಂಡನ್ನಿನ ಸ್ಲೇಡ್ ಶಾಲೆಯಲ್ಲಿ ಓದಿದರು. ವಿದ್ಯಾರ್ಥಿ ಚಳವಳಿಯ ದಿನಗಳು, ಎಡಪಂಥೀಯ ರಾಜಕೀಯ. ವಾಪಸ್ ಬಂದು ಕಸೌಲಿಯಲ್ಲಿದ್ದ ಕುಟುಂಬದ ಮನೆಯಲ್ಲಿ 1976ರಲ್ಲಿ ಕಲಾಕೇಂದ್ರ ಶುರು ಮಾಡಿದರು, ಕಲಾವಿದರು ಬಂದು ಇದ್ದು ಕೆಲಸ ಮಾಡೋ ಜಾಗ. ಆಮೇಲೆ ಬರೀ ಎಣ್ಣೆಬಣ್ಣ ಸಾಕಾಗದೆ ಎಂಜಿನ್ ಎಣ್ಣೆ, ಇದ್ದಿಲು, ಕಸ, ಹಳೇ ಪಾತ್ರೆ, ಏನು ಸಿಕ್ಕಿದರೂ ಅದರಲ್ಲಿ ಕೆಲಸ ಮಾಡಿದರು.

ಹೆಸರಾಂತ ದೊಡ್ಡಮ್ಮ ಇರೋ ಮನೆಯಲ್ಲಿ ಚಿತ್ರಕಾರ ಆಗೋದು ಎಷ್ಟು ಕಷ್ಟ ಯೋಚನೆ ಮಾಡಿ. ದಾರಿ ತಪ್ಪಿಸಿ ಓಡಿಹೋಗಬಹುದಿತ್ತು. ಅವರು ಮತ್ತೆ ಮತ್ತೆ ಅವಳ ಹತ್ತಿರವೇ ಬಂದರು. 1983-84ರಲ್ಲಿ ಶೇರ್‌ಗಿಲ್ ಕುಟುಂಬವನ್ನು ದೊಡ್ಡ ಎಣ್ಣೆಬಣ್ಣದ ಚಿತ್ರವಾಗಿ ಬರೆದರು. 1995ರಲ್ಲಿ ಬುಡಾಪೆಸ್ಟ್‌ನಲ್ಲಿ, ಅಜ್ಜಿಯ ಊರಿನಲ್ಲೇ, ಮನೆಯ ಫೋಟೋ, ಕಾಗದ, ವಸ್ತುಗಳನ್ನೆಲ್ಲ ಇಟ್ಟು 'ಶೇರ್‌ಗಿಲ್ ಆರ್ಕೈವ್' ಅನ್ನೋ ಕೃತಿ ಮಾಡಿದರು. ಪೆಟ್ಟಿಗೆ ಬಿಚ್ಚಿ ತೋರಿಸೋದೇ ಒಂದು ಕಲಾಕೃತಿ ಆಗಬಹುದು ಅಂತ ನನಗೆ ಗೊತ್ತಾದದ್ದು ಅದರಿಂದ. 2010ರಲ್ಲಿ ಅಮೃತಾಳ ಉಳಿದ ಕಾಗದ, ಬರಹಗಳನ್ನೆಲ್ಲ ಟಿಪ್ಪಣಿ ಸಮೇತ ಎರಡು ದಪ್ಪ ಸಂಪುಟ ಮಾಡಿದರು. ಸುಟ್ಟವು ಹೋದವು, ಸುಡದೆ ಉಳಿದವನ್ನು ಅಳಿಯದಂತೆ ಮಾಡೋ ಕೆಲಸ ಮೊಮ್ಮಗನ ಪಾಲಿಗೆ ಬಂತು.

9.
ನನ್ನ ಪ್ರಕಾರ ಇದರಲ್ಲೆಲ್ಲ ದೊಡ್ಡದು 2001-02ರಲ್ಲಿ ಮಾಡಿದ 'ರೀ-ಟೇಕ್ ಆಫ್ ಅಮೃತಾ'.

ಅಜ್ಜ ತೆಗೆದ ಫೋಟೋಗಳನ್ನು ಸ್ಕ್ಯಾನ್ ಮಾಡಿ, ಫೋಟೋಶಾಪಿನಲ್ಲಿ ಒಂದರೊಳಗೆ ಒಂದು ಸೇರಿಸಿದರು. ಕಪ್ಪು ಬಿಳುಪು. 1912ರವರು, 1930ರವರು, ಪ್ಯಾರಿಸ್ಸಿನವರು, ಶಿಮ್ಲಾದವರು ಒಂದೇ ಕೋಣೆಯಲ್ಲಿ ಬಂದು ಕೂರ್ತಾರೆ. ಕೆಲವದರಲ್ಲಿ ಅಮೃತಾ ಬರೆದ ಚಿತ್ರಗಳೂ ಫೋಟೋದ ಒಳಗೆ ಬಂದು ನಿಲ್ಲುತ್ತವೆ. ಕನ್ನಡಿಗಳು ಬಹಳ. ಕನ್ನಡಿಯ ಈಚೆ ಒಬ್ಬರು, ಒಳಗೆ ಬೇರೆಯೇ ಯಾರೋ. ಉಪವಾಸ ಮಾಡಿದ ಅಜ್ಜನ ಬರಿಮೈ ಮತ್ತೆ ಮತ್ತೆ ಬರುತ್ತೆ, ಮಗಳ ಹತ್ತಿರ, ಮಗಳ ಎದುರಿಗೆ. ಅಪ್ಪನೂ ತನ್ನ ದೇಹವನ್ನೇ ಚಿತ್ರ ಮಾಡಿಕೊಂಡವನು, ಮಗಳೂ ತನ್ನ ದೇಹವನ್ನೇ ಚಿತ್ರ ಮಾಡಿಕೊಂಡವಳು. ಇಬ್ಬರ ನಡುವೆ ಏನೋ ಒಂದು ಎಳೆ ಇದೆ ಅಂತ ಬೇರೆಬೇರೆಯಾಗಿ ನೋಡಿದಾಗ ಹೊಳೆಯೋದಿಲ್ಲ. ಪಕ್ಕಪಕ್ಕ ನಿಲ್ಲಿಸಿದಾಗ ಎದೆ ಧಸಕ್ಕೆನ್ನುತ್ತೆ.

ಮೊದಲ ಸಲ ನೋಡಿದಾಗ ಇದು ಅಸಲಿ ಫೋಟೋ ಅಂತಲೇ ಅಂದುಕೊಂಡೆ. ಆಮೇಲೆ ಬೆಳಕು ತಾಳೆಯಾಗ್ತಿಲ್ಲ ಅನ್ನಿಸ್ತು. ಕಿಟಕಿ ಎಡಗಡೆ ಇದ್ದರೆ ಮುಖದ ಮೇಲಿನ ಬೆಳಕು ಬಲಗಡೆಯಿಂದ. ಬಹಳ ಹೊತ್ತು ದಿಟ್ಟಿಸಿದರೆ ಹೊಲಿಗೆ ಕಾಣುತ್ತೆ.

ಕ್ಲಾಸಿನಲ್ಲಿ ಇದನ್ನು ತೋರಿಸಿದಾಗ ಜೋರು ಜಗಳ ಆಯಿತು (ಇದ್ದವರಿಗೆ ನೆನಪಿರುತ್ತೆ). ಒಬ್ಬಳು ಕೇಳಿದಳು: ಸತ್ತವರ ಫೋಟೋ ಹೀಗೆ ತಿದ್ದೋಕೆ ಇವನಿಗೆ ಹಕ್ಕು ಕೊಟ್ಟವರು ಯಾರು? ಮನೆಯವನು ಅಂದ ಮಾತ್ರಕ್ಕೆ? ಈಗ ಎಐ ಬಂದು ಎಲ್ಲರ ಅಜ್ಜ ಅಜ್ಜಿಯರ ಫೋಟೋ ಕಣ್ಣು ಮಿಟುಕಿಸುತ್ತಿರೋ ಹೊತ್ತಿನಲ್ಲಿ ಈ ಪ್ರಶ್ನೆ ಸುಮ್ಮನೆ ತಳ್ಳಿಹಾಕೋ ಹಾಗಿಲ್ಲ. ನಾನು ಅವತ್ತು ವಿವಾನ್ ಪರ ಕೂಗಾಡಿದ್ದೆ, ಸರಿಯಾದ ಉತ್ತರ ಇರಲಿಲ್ಲ. ಈಗ ಇಷ್ಟು ಹೇಳಬಲ್ಲೆ. ಕಾಗದ ಸುಟ್ಟವರು ಮನೆಯ ಕಥೆ ಮುಚ್ಚೋಕೆ ಕೈ ಹಾಕಿದರು. ಇವರು ಕೈ ಹಾಕಿದ್ದು ಬೇರೆ ಕಾರಣಕ್ಕೆ, ಹಾಕಿದ್ದೀನಿ ಅಂತ ಹೇಳಿಯೇ ಹಾಕಿದರು. ಹೆಸರಲ್ಲೇ ಇದೆಯಲ್ಲ, ರೀ-ಟೇಕ್. ಅಸಲಿ ಫೋಟೋಗಳನ್ನೂ ಅಳಿಸಲಿಲ್ಲ, ಅಜ್ಜನ ಫೋಟೋಗಳಿಗೇ ಬೇರೆ ಪುಸ್ತಕ ಬಂದಿದೆ. ಆದರೂ ಅವಳ ಪ್ರಶ್ನೆಯಲ್ಲಿ ಒಂದು ಮುಳ್ಳು ಉಳಿಯುತ್ತೆ: ಅಮೃತಾಳನ್ನು ಯಾರೂ ಕೇಳಲಿಲ್ಲ. ಬದುಕಿದ್ದಾಗ ಅಪ್ಪನ ಕ್ಯಾಮೆರಾ, ಸತ್ತ ಮೇಲೆ ಮೊಮ್ಮಗನ ಮೌಸು. ಅವಳು ಸ್ವತಃ ಬರೆದುಕೊಂಡ ಸ್ವಚಿತ್ರಗಳನ್ನು ಪಕ್ಕದಲ್ಲಿಟ್ಟುಕೊಂಡೇ ಇವನ್ನು ನೋಡಬೇಕು ಅನ್ನೋದು ನನ್ನ ಅಭಿಪ್ರಾಯ.

10.
ಒಂದೆರಡು ವಿಷಯ ಬಿಟ್ಟುಹೋಗಿತ್ತು.

ಅಮೃತಾಳ ಚಿತ್ರಗಳು ಈಗ ರಾಷ್ಟ್ರೀಯ ಕಲಾ ಸಂಪತ್ತು. 1972ರ ಕಾಯಿದೆಯ ಪ್ರಕಾರ ಘೋಷಿಸಿದ್ದು, ಹಾಗಾಗಿ ಭಾರತದಲ್ಲಿರೋ ಅವಳ ಚಿತ್ರ ದೇಶ ಬಿಟ್ಟು ಮಾರಾಟಕ್ಕೆ ಹೋಗುವಂತಿಲ್ಲ. ಗಮನಿಸಿ, ಬುಡಾಪೆಸ್ಟಿನಲ್ಲಿ ಹುಟ್ಟಿ, ಹಂಗೇರಿಯನ್ ಮಾತಾಡಿ, ಈಗ ಪಾಕಿಸ್ತಾನದಲ್ಲಿರೋ ಊರಿನಲ್ಲಿ ಸತ್ತವಳ ಕೆಲಸಕ್ಕೆ ಗಡಿ ದಾಟೋಕೆ ಅನುಮತಿ ಇಲ್ಲ. ಬಹುಪಾಲು ದೆಹಲಿಯ ರಾಷ್ಟ್ರೀಯ ಆಧುನಿಕ ಕಲಾ ಗ್ಯಾಲರಿಯಲ್ಲಿವೆ, ಮನೆಯವರೇ ಕೊಟ್ಟದ್ದು. 2023ರ ಸೆಪ್ಟೆಂಬರಿನಲ್ಲಿ ಅವಳ 1937ರ 'ದ ಸ್ಟೋರಿ ಟೆಲ್ಲರ್' 61.8 ಕೋಟಿ ರೂಪಾಯಿಗೆ ಹರಾಜಾಯಿತು, ಆಗ ಅದು ಭಾರತೀಯ ಚಿತ್ರಕ್ಕೆ ಸಿಕ್ಕ ಅತಿ ದೊಡ್ಡ ಬೆಲೆ. ವಿವಾನ್ ಅದನ್ನು ನೋಡಲಿಲ್ಲ. ಅದೇ ವರ್ಷದ ಮಾರ್ಚ್ 29ಕ್ಕೆ ತೀರಿಕೊಂಡಿದ್ದರು.

ಬೆಂಗಳೂರಿನಲ್ಲಿರುವವರಿಗೆ: ಅದೇ ರಾಷ್ಟ್ರೀಯ ಗ್ಯಾಲರಿಯ ಶಾಖೆ ಪ್ಯಾಲೇಸ್ ರಸ್ತೆಯ ಮಾಣಿಕ್ಯವೇಲು ಮ್ಯಾನ್ಶನ್‌ನಲ್ಲಿದೆ. ಹೋಗುವ ಮೊದಲು ಆಗ ಏನು ಪ್ರದರ್ಶನ ನಡೀತಿದೆ ಅಂತ ನೋಡ್ಕೊಳ್ಳಿ. ಸುಮ್ಮನೆ ಮರದ ಕೆಳಗೆ ಕೂತು ಬಂದರೂ ನಷ್ಟವೇನಿಲ್ಲ.

ಹೋದ ತಿಂಗಳು ಗದಗಕ್ಕೆ ಹೋಗಿದ್ದೆ. ಆಲ್ಬಮ್ ತೆಗೆದು, ಆ ಖಾಲಿ ಜಾಗದ ಮೇಲೆ ಬೆರಳಿಟ್ಟು ಮತ್ತೆ ಕೇಳಿದೆ. ಅಜ್ಜಿ ಕನ್ನಡಕ ಹಾಕಿಕೊಂಡು ಬಹಳ ಹೊತ್ತು ನೋಡಿದರು. "ನಿಮ್ಮಪ್ಪನ ಮದುವಿ ಫೋಟೋ ಅದು. ಪುತ್ತೂರಾಗ ತಗಸಿದ್ದು. ಆವಾಗ ನನಗ ಸಿಟ್ಟಿತ್ತು, ಕಿತ್ತಿ ಒಗದೆ" ಅಂದರು. ಸ್ವಲ್ಪ ಹೊತ್ತು ಸುಮ್ಮನಿದ್ದು, "ನಿಮ್ಮ ಅವ್ವನ ತವರಮನ್ಯಾಗ ಇನ್ನೊಂದು ಕಾಪಿ ಇರಬೇಕು, ತರಿಸ್ತಿಯೇನು?" ಅಂತ ಕೇಳಿದರು.

ಪುತ್ತೂರಿನಲ್ಲಿ ಇತ್ತು. ಮಾವ ವಾಟ್ಸಾಪಿನಲ್ಲಿ ಕಳಿಸಿದರು, ಮೂಲೆಯಲ್ಲಿ ಗೆದ್ದಲು ತಿಂದಿದೆ. ಪ್ರಿಂಟ್ ಹಾಕಿಸಿದ್ದೀನಿ, ಅದೇ ಅಳತೆಗೆ. ಕೊನೆಯ ಸ್ಲೈಡಿನಲ್ಲಿರೋದು ಅದೇ. ಅಮ್ಮನ ಮುಖ ಸ್ವಲ್ಪ ಮಸುಕಾಗಿದೆ, ತಿದ್ದೋಕೆ ಹೋಗಿಲ್ಲ.

#ಇತಿಹಾಸ #ಅಮೃತಾಶೇರ್‌ಗಿಲ್ #ವಿವಾನ್‌ಸುಂದರಂ #ಯಾವೂರುನಿಮ್ಮದು